ನೂರಕ್ಕೆ ಎಂಬತ್ತನಾಲ್ಕು



ದತ್ತಿ ಉಪನ್ಯಾಸಕ್ಕೆ ಕರೆ ಬಂದಾಗಲೆಲ್ಲ ನಾನು ಮೊದಲು ವಿಚಾರಿಸುವುದು ದತ್ತಿ ಇಟ್ಟವರು ಯಾರು ಎಂದು. ಉಪನ್ಯಾಸಕನ ಹೆಸರು ಊಟದ ಹೊತ್ತಿಗೆ ಮರೆತುಹೋಗುತ್ತದೆ. ಬಡ್ಡಿ ಮಾತ್ರ ವರ್ಷ ವರ್ಷ ಬರುತ್ತಲೇ ಇರುತ್ತದೆ. ಅಸಲು ಇಟ್ಟವರಿಗೇ ಮೊದಲ ನಮಸ್ಕಾರ ಸಲ್ಲಬೇಕು. ನಿಮ್ಮ ಸಂಘದ ಕಾರ್ಯದರ್ಶಿಗಳು ಫೋನಿನಲ್ಲಿ ತುಸು ಹೊತ್ತು ಸುಮ್ಮನಿದ್ದು, "ಹೆಸರು ಎಲ್ಲೂ ಹೇಳಬಾರದು ಅಂತ ಅವರದೇ ಕರಾರು ಐತ್ರೀ ಸರ. ಬೇಕಾದ್ರ ಮನೀಗೆ ಕರಕೊಂಡು ಹೋಗ್ತೀನಿ" ಎಂದರು. ನಿನ್ನೆ ಸಂಜೆ ಹೋಗಿಬಂದೆ.

36 ವರ್ಷ ಪ್ರಾಥಮಿಕ ಶಾಲೆಯಲ್ಲಿ ಪಾಠ ಹೇಳಿದ ತಾಯಿ ಅವರು. ಈ ದತ್ತಿಯ ಅಸಲು ಅವರ ಅವ್ವ ಬಿಟ್ಟುಹೋದ ಎರಡು ಪಾಟ್ಲಿ ಬಳೆಗಳಿಂದ ಬಂದದ್ದು. ಅವನ್ನು ಮಾರಲು ಸರಾಫನ ಅಂಗಡಿಗೆ ಹೋದ ದಿನದ ಕಥೆಯನ್ನು ಚಹಾ ಆರಿಹೋಗುವವರೆಗೂ ಹೇಳಿದರು. ಅವ್ವ ಸಾಯುವ ತನಕ ಅವು ಅಪ್ಪಟ ಬಂಗಾರದ ಪಾಟ್ಲಿ ಎಂದೇ ಹೇಳಿದ್ದಳು. ಅಂಗಡಿಯ ಹುಡುಗ ಕರಗಿಸಿ, ಗಟ್ಟಿಯನ್ನು ಯಂತ್ರದೊಳಗಿಟ್ಟು, ಗಾಜಿನ ಮೇಲೆ ಮೂಡಿದ ಅಂಕಿಯನ್ನು ಓದಿದ: "ಎಂಬತ್ನಾಕು ಐತ್ರೀ ಅವ್ವಾರ." ನೂರಕ್ಕೆ 84. ಅಂದರೆ ಹೆಚ್ಚುಕಡಿಮೆ 20 ಕ್ಯಾರೆಟ್. ಈ ತಾಯಿಗೆ ಮೊದಲು ಆ ಪಾಟ್ಲಿ ಮಾಡಿಕೊಟ್ಟ, ಎಂದೋ ತೀರಿಹೋದ ಪತ್ತಾರನ ಮೇಲೆ ಸಿಟ್ಟು ಬಂತಂತೆ. ಆಮೇಲೆ ಅವ್ವನ ಮೇಲೆ. ಮನೆಗೆ ಬರುವ ದಾರಿಯಲ್ಲಿ ಆಟೋದಲ್ಲಿ ಕೂತು ನಗು ಬಂತಂತೆ. "ಮೂವತ್ತಾರು ವರ್ಷ 'ಬಂಗಾರದಂಥಾ ಹುಡುಗ', 'ಬಂಗಾರದಂಥಾ ಹುಡುಗಿ' ಅನ್ಕೋತ ಬಂದೆ. ನೂರಕ್ಕ ಎಷ್ಟು ಅಂತ ಯಾವತ್ತೂ ಕೇಳ್ಲಿಲ್ಲ ನೋಡ್ರಿ. ನಾಳೆ ಅದರ ಬಗ್ಗೆ ಮಾತಾಡ್ರಿ."

ನಾನು ಬರೆದು ತಂದಿದ್ದ ಉಪನ್ಯಾಸ ಚೀಲದಲ್ಲೇ ಇದೆ. ಅದರಲ್ಲಿ ಶೀಲ, ಸೌಜನ್ಯ, ಅಂತರಂಗದ ಹೊಳಪು ಎಂಬ ದೊಡ್ಡ ಮಾತುಗಳು ಬೇಕಾದಷ್ಟಿದ್ದವು. ಅಸಲು ಇಟ್ಟವರ ಮಾತು ಮೀರುವುದು ಸರಿಯಲ್ಲ. ಇವತ್ತು ಆ 84ರ ಬಗ್ಗೆಯೇ ಮಾತಾಡುತ್ತೇನೆ.

ಮೊದಲು ನಮ್ಮ ಮಾತುಗಳನ್ನೇ ನೋಡೋಣ. ನಾನು ಹಳೇ ಮೈಸೂರಿನ ಕಡೆಯವನು, ನನ್ನ ಬಾಯಿಗೆ 'ಚಿನ್ನ' ಬರುತ್ತದೆ. ನಿಮಗೆ ಇಲ್ಲಿ ಲಿಂಗಸುಗೂರಿನಲ್ಲಿ 'ಬಂಗಾರ'. 'ಹೊನ್ನು' ಇಬ್ಬರಿಗೂ ಹಳೆಯದು, ಆದರೆ ಅದರಲ್ಲಿ ನಾಣ್ಯದ ಸದ್ದಿದೆ. ಹೊನ್ನು ಎಂದರೆ ದುಡ್ಡು, ಎಣಿಸುವಂಥದ್ದು. ಒಳ್ಳೆಯವನನ್ನು ಕಂಡು 'ಅವನು ಹೊನ್ನು' ಎಂದು ಯಾರೂ ಅನ್ನುವುದಿಲ್ಲ, 'ಬಂಗಾರ' ಅನ್ನುತ್ತೇವೆ, 'ಅಪರಂಜಿ' ಅನ್ನುತ್ತೇವೆ. ಮಗುವನ್ನು 'ಚಿನ್ನ' ಎಂದು ಎತ್ತಿಕೊಳ್ಳುತ್ತೇವೆ. ಆ ಚಿನ್ನ ಲೋಹದ ಚಿನ್ನವೋ, ತೆಲುಗು ತಮಿಳಿನಲ್ಲಿ ಚಿಕ್ಕದು ಎಂಬ ಅರ್ಥ ಕೊಡುವ ಚಿನ್ನವೋ ಎಂದು ಯಾವ ತಾಯಿಯೂ ನಿಘಂಟು ತೆಗೆದು ನೋಡಿಲ್ಲ. ನಾವು ದೊಡ್ಡದೆಂದು ಬೆಲೆ ಕಟ್ಟುವ ಲೋಹಕ್ಕೂ ಚಿಕ್ಕದೆಂದು ಮುದ್ದಿಸುವ ಜೀವಕ್ಕೂ ಬಾಯಲ್ಲಿ ಒಂದೇ ಮಾತು ಆಡುತ್ತಿದೆ. ಇದನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಮಾತು ಮಸ್ಕಿಯ ಶಾಸನಕ್ಕೆ ಬಂದಾಗ ಬೇಕಾಗುತ್ತದೆ.

'ಸುವರ್ಣ' ಎಂಬ ಮಾತಿಗೆ ಸರಳವಾದ ಅರ್ಥ ಒಳ್ಳೆಯ ಬಣ್ಣ. ಚಿನ್ನದ ಗುಣವನ್ನು ಹಿಂದಿನವರು ಬಣ್ಣದಲ್ಲೇ ಎಣಿಸುತ್ತಿದ್ದರು. ಕೌಟಿಲ್ಯನ ಅರ್ಥಶಾಸ್ತ್ರದಲ್ಲಿ ಅತ್ಯುತ್ತಮ ಚಿನ್ನಕ್ಕೆ 16 ವರ್ಣ. ತಾಮ್ರ ಸೇರಿಸುತ್ತ ಹೋದಂತೆ ಒಂದೊಂದೇ ವರ್ಣ ಇಳಿಯುತ್ತದೆ. ಅಕ್ಬರನ ಕಾಲದ ಟಂಕಸಾಲೆಯಲ್ಲೂ ಇಂಥದೇ ಲೆಕ್ಕವಿತ್ತು. ನಮ್ಮ ಇಂದಿನ 24 ಕ್ಯಾರೆಟ್ ಕೂಡ ಮೆಟ್ಟಿಲೇ. ಚಿನ್ನದ ಜೊತೆ ಬದುಕಿದವರಿಗೆ ಶುದ್ಧ, ಅಶುದ್ಧ ಎಂಬ ಎರಡೇ ಕೋಣೆಗಳ ಮನೆ ಎಂದೂ ಇರಲಿಲ್ಲ. ಎರಡೇ ಕೋಣೆ ಕಟ್ಟಿಕೊಂಡವರು ಚಿನ್ನವನ್ನು ಉಪಮೆಗೆ ಮಾತ್ರ ಬಳಸಿದ ನಾವು, ಭಾಷಣಕಾರರು.

ಒರೆಗಲ್ಲನ್ನು ನಿಮ್ಮಲ್ಲಿ ಎಷ್ಟು ಜನ ಕೈಯಲ್ಲಿ ಹಿಡಿದು ನೋಡಿದ್ದೀರೋ ಗೊತ್ತಿಲ್ಲ. ನಾನು ಹುಡುಗನಾಗಿದ್ದಾಗ ನಮ್ಮ ಬೀದಿಯ ಅಕ್ಕಸಾಲಿಗರ ಜಗಲಿಯಲ್ಲಿ ಕೂತು ಗಂಟೆಗಟ್ಟಲೆ ನೋಡುತ್ತಿದ್ದೆ. ಮೂಸೆ, ಊದುಗೊಳವೆ, ಇಕ್ಕಳ, ಬಿಳಿಗಾರದ ಡಬ್ಬಿ, ತೂಕಕ್ಕೆ ಗುಲಗಂಜಿ ತುಂಬಿದ ಪುಟ್ಟ ಚೀಲ. ಇವೆಲ್ಲದರ ನಡುವೆ ಒಂದು ಕಪ್ಪು ಕಲ್ಲು, ಅಂಗೈಯಷ್ಟು. ಒಡವೆಯ ಅಂಚನ್ನು ಅದರ ಮೇಲೆ ಎಳೆದರೆ ಹಳದಿ ಗೆರೆ ಬೀಳುತ್ತಿತ್ತು. ಅದರ ಪಕ್ಕದಲ್ಲೇ ಬಣ್ಣ ಗೊತ್ತಿರುವ ಚಿನ್ನದ ಕಡ್ಡಿಯಿಂದ ಇನ್ನೊಂದು ಗೆರೆ. ಎರಡರ ಮೇಲೂ ನೈಟ್ರಿಕ್ ಆಮ್ಲದ ಹನಿ. ತಾಮ್ರ, ಬೆಳ್ಳಿ ಕರಗಿಹೋಗುತ್ತದೆ, ಚಿನ್ನ ಕೂರುತ್ತದೆ. ಉಳಿದ ಎರಡು ಗೆರೆಗಳನ್ನು ಕಣ್ಣು ಕಿರಿದು ಮಾಡಿ ಹೋಲಿಸಿ ಅವರು 'ಹ್ಞೂಂ' ಎನ್ನುತ್ತಿದ್ದರು. ಆ 'ಹ್ಞೂಂ' ಮೇಲೆ ಮದುವೆಗಳು ನಿಲ್ಲುತ್ತಿದ್ದವು, ಮುರಿಯುತ್ತಿದ್ದವು.

ದೊಡ್ಡವನಾದ ಮೇಲೆ ಆ ಜಗಲಿಯನ್ನು ನೆನೆದಾಗ ನನಗೆ ಹೊಳೆದದ್ದು ಇದು: ಕಲ್ಲಿಗೆ ಚಿನ್ನದ ಗುಣ ಗೊತ್ತಿಲ್ಲ. ಅದು ಗೆರೆಯನ್ನು ಹಿಡಿದು ತೋರಿಸುತ್ತದೆ ಅಷ್ಟೇ. ಪಕ್ಕದಲ್ಲಿ ಗೊತ್ತಿರುವ ಚಿನ್ನ ಇಲ್ಲದಿದ್ದರೆ ಒರೆಗಲ್ಲು ಬರೀ ಕಲ್ಲು. ಮನುಷ್ಯರನ್ನು 'ಒರೆಗೆ ಹಚ್ಚಿ ನೋಡಿದೆ' ಎಂದು ಹೇಳಿಕೊಳ್ಳುವವರ ಕೈಯಲ್ಲಿ ಆ ಎರಡನೆಯ ಕಡ್ಡಿ ಇರುತ್ತದೆಯೇ? ಹೆಚ್ಚಿನ ಸಲ ಅವರು ಬೇರೆಯವರ ಗೆರೆಯ ಪಕ್ಕ ತಮ್ಮದೇ ಗೆರೆ ಎಳೆದು ನೋಡಿರುತ್ತಾರೆ. ಇನ್ನೂ ಒಂದಿದೆ. ಒರೆಗೆ ಹಚ್ಚಿದಷ್ಟೂ ಸಲ ಚಿನ್ನ ಒಂದು ಕಣ ಸವೆಯುತ್ತದೆ. ದಿನಾ ಅಗ್ನಿಪರೀಕ್ಷೆಗೆ ನಿಲ್ಲಿಸುವ ಅತ್ತೆ, ಅಧಿಕಾರಿ, ಯಜಮಾನ ಇವರಿಗೆ ಆ ಸವಕಳಿಯ ಲೆಕ್ಕ ಗೊತ್ತಿರುವುದಿಲ್ಲ.

ಒರೆಗಲ್ಲಿನಲ್ಲೂ ಮೋಸವಿದೆ. ಅರ್ಥಶಾಸ್ತ್ರ ಅದನ್ನೂ ಬಿಟ್ಟಿಲ್ಲ. ಉಗುರಿನ ಸಂದಿಯಲ್ಲಿ ಕಾವಿಮಣ್ಣಿನ ಪುಡಿ ಅಡಗಿಸಿಟ್ಟುಕೊಂಡು, ಗೆರೆ ಎಳೆಯುವಾಗ ಅದನ್ನು ಉದುರಿಸುವವರ ಬಗ್ಗೆ ಎಚ್ಚರ ಎನ್ನುತ್ತದೆ. ಕಾವಿ ಉದುರಿಸಿ ಬಣ್ಣ ಏರಿಸುವ ವಿದ್ಯೆ ಎರಡು ಸಾವಿರ ವರ್ಷ ಹಳೆಯದು ಎಂದು ಓದಿದಾಗ ನನಗೆ ಕೆಲವು ಮುಖಗಳು ನೆನಪಾದವು. ಯಾರವೆಂದು ಹೇಳುವುದಿಲ್ಲ, ನಿಮಗೂ ಕೆಲವು ನೆನಪಾಗಿರಬೇಕು.

ಈಗ ಪಾಟ್ಲಿಗೆ ಬರೋಣ. ಆ ಪತ್ತಾರನ ಮೇಲೆ ಸಿಟ್ಟು ಬಂತು ಎಂದರಲ್ಲ, ಅದು ನಮ್ಮೆಲ್ಲರ ಹಳೆಯ ಸಿಟ್ಟು. ಅಕ್ಕಸಾಲಿ ಅಕ್ಕನ ಚಿನ್ನವನ್ನೂ ಬಿಡ ಎಂದು ಗಾದೆ ಮಾಡಿ ಒಂದು ಇಡೀ ಕಸುಬಿನವರ ಕೊರಳಿಗೆ ಕಟ್ಟಿದೆವು. ಗಾದೆ ವೇದಕ್ಕೆ ಸಮ ಎನ್ನುವವರು ಈ ಗಾದೆಯನ್ನು ಮಾಡಿದವರು ಯಾರಿರಬಹುದು ಎಂದೂ ಕೇಳಿಕೊಳ್ಳಬೇಕು. ಖಂಡಿತ ಅಕ್ಕಸಾಲಿಗರಲ್ಲ. ಕದ್ದವರು ಇರಲಿಲ್ಲ ಎಂದು ನಾನು ಹೇಳುತ್ತಿಲ್ಲ. ಆದರೆ 84ರ ಹಿಂದೆ ಕಳ್ಳತನವೇ ಇರಬೇಕಿಲ್ಲ.

ಅಪರಂಜಿಯಿಂದ ಬಳೆ ಮಾಡಿದರೆ ನಿಲ್ಲುವುದಿಲ್ಲ. ಅದು ಅಷ್ಟು ಮೆತ್ತಗೆ. ಒಂದು ಗ್ರಾಂ ಚಿನ್ನವನ್ನು ಬಡಿದು ಬಡಿದು ಹತ್ತಿರ ಹತ್ತಿರ ಒಂದು ಚದರ ಮೀಟರ್ ಹಾಳೆ ಮಾಡಬಹುದು. ಇಂಥ ಲೋಹದ ಬಳೆ ರೊಟ್ಟಿ ಬಡಿಯುವ ಕೈಯಲ್ಲಿ ಎಷ್ಟು ದಿನ ದುಂಡಗಿರುತ್ತದೆ? ಅದಕ್ಕೆ ತಾಮ್ರ ಬೇಕು, ಬೆಳ್ಳಿ ಬೇಕು. 22 ಕ್ಯಾರೆಟ್ ಎಂದರೆ 24ರಲ್ಲಿ 22 ಪಾಲು ಚಿನ್ನ; ನಿಮ್ಮ ಒಡವೆಯ ಮೇಲೆ 916 ಎಂದು ಕೊರೆದಿರುವುದು ಇದೇ ಲೆಕ್ಕ, ಸಾವಿರಕ್ಕೆ 916. ಇದರ ಮೇಲೆ ಬೆಸುಗೆ. ಕೊಂಡಿಗೆ ಕೊಂಡಿ ಸೇರಿಸಲು, ಒಡವೆಗಿಂತ ಬೇಗ ಕರಗುವ ಬೇರೆ ಬೆರಕೆ ಬೇಕು. ಹಳೆಯ ಬೆಸುಗೆಯಲ್ಲಿ ತಾಮ್ರ, ಬೆಳ್ಳಿ ಹೆಚ್ಚಿರುತ್ತಿತ್ತು. ಒಡವೆಯ ಹಾಳೆ 22 ಇದ್ದರೂ ಒಟ್ಟಿಗೆ ಕರಗಿಸಿದಾಗ ಅಂಕಿ ಇಳಿಯುತ್ತಿತ್ತು. ಕುಸುರಿ ಕೆಲಸ ಹೆಚ್ಚಿದಷ್ಟೂ ಬೆಸುಗೆ ಹೆಚ್ಚು, ಬೆಸುಗೆ ಹೆಚ್ಚಿದಷ್ಟೂ ಅಂಕಿ ಕಡಿಮೆ. ಒಡವೆ ಚೆಂದವಾದಷ್ಟೂ ಚಿನ್ನ ಇಳಿಯುವ ವಿಚಿತ್ರ ಲೆಕ್ಕ ಇದು. ಅಪ್ಪಟ ಅಪರಂಜಿಗೆ ಒಡವೆಯಲ್ಲಿ ಒಂದು ಕೆಲಸ ಉಂಟು: ಕುಂದಣ. ಹರಳಿನ ಸುತ್ತ ತೆಳ್ಳಗೆ ಒತ್ತಿ, ಹರಳು ಬೀಳದಂತೆ ಹಿಡಿಯುವುದು. ನೋಡಿದವರು ಹರಳನ್ನು ಹೊಗಳುತ್ತಾರೆ.

ಕೆಡಿಎಂ ಎಂಬ ಮಾತು ಇಲ್ಲಿ ಎಲ್ಲರಿಗೂ ಗೊತ್ತು. ನಮ್ಮ ಹೆಣ್ಣುಮಕ್ಕಳ ಒಂದು ತಲೆಮಾರು 'ಕೆಡಿಎಂ ಬಂಗಾರ' ಎಂದರೆ ಪಕ್ಕಾ ಬಂಗಾರ ಎಂದೇ ನಂಬಿತು. ಅದು ಚಿನ್ನದ ಜಾತಿಯಲ್ಲ, ಕ್ಯಾಡ್ಮಿಯಂ ಬೆರೆತ ಬೆಸುಗೆಯ ಹೆಸರು. ಕ್ಯಾಡ್ಮಿಯಂ 321 ಡಿಗ್ರಿಗೇ ಕರಗುತ್ತದೆ. ಬೆಂಕಿ ತಾಗಿದರೆ ಬಹುಪಾಲು ಹೊಗೆಯಾಗಿ ಹಾರಿಹೋಗುತ್ತದೆ. ಹಾಗಾಗಿ ಒಡವೆಯ ಅಂಕಿ ಇಳಿಯುವುದಿಲ್ಲ. ಆ ಹೊಗೆ ಹೋಗುವುದೆಲ್ಲಿಗೆ? ಊದುಗೊಳವೆ ಬಾಯಿಗಿಟ್ಟು ಕೂತ ಕೆಲಸಗಾರನ ಶ್ವಾಸಕೋಶಕ್ಕೆ, ಮೂತ್ರಪಿಂಡಕ್ಕೆ. ಭಾರತೀಯ ಮಾನಕ ಬ್ಯೂರೋ ಅದನ್ನು ಒಪ್ಪದೇ ಇರಲು ಕಾರಣವೂ ಇದೇ. ನಮ್ಮ ಒಡವೆ ಶುದ್ಧವಾಗಿರಲಿ ಎಂದು ಇನ್ನೊಬ್ಬನ ಎದೆಯೊಳಗೆ ವಿಷ ತುಂಬಿಸಿ, ಆ ವಿಷದ ಹೆಸರನ್ನೇ ಶುದ್ಧಿಯ ಹೆಸರಾಗಿ ಕರೆದೆವು. ಶುದ್ಧಿಯ ಹಂಬಲ ಇನ್ನೆಲ್ಲಿ ಹೀಗೆ ಕೆಲಸ ಮಾಡಿದೆ ಎಂದು ಹುಡುಕಲು ನಾವು ಬಹಳ ದೂರ ಹೋಗಬೇಕಾಗಿಲ್ಲ.

ನಮ್ಮ ಬೈಗುಳಗಳನ್ನೇ ಕೇಳಿ. 'ಬೆರಕೆ' ಎಂಬುದು ಒಂದು ಬೈಗುಳ. ಸೊಪ್ಪಿಗೆ ಹೇಳಿದರೆ ರುಚಿ, ಮನುಷ್ಯನಿಗೆ ಹೇಳಿದರೆ ಅವನ ತಾಯಿತಂದೆಯ ಮೇಲಿನ ಆರೋಪ. 'ಅಪ್ಪಟ' ಎಂಬುದು ಹೊಗಳಿಕೆ. ಚಿನ್ನದ ಉಪಮೆಯನ್ನು ಗುಣಕ್ಕೆ ಎಂದು ತಂದೆವು, ಅದು ಮೆಲ್ಲಗೆ ಕುಲದ ಜಗಲಿಯಲ್ಲಿ ಹೋಗಿ ಕೂತಿತು. ಇಲ್ಲಿಂದ ಕಲ್ಯಾಣ ಬಹಳ ದೂರವಲ್ಲ. ಹನ್ನೆರಡನೆಯ ಶತಮಾನದಲ್ಲಿ ಹರಳಯ್ಯನ ಮಗನಿಗೂ ಮಧುವರಸನ ಮಗಳಿಗೂ ನಂಟು ಬೆಸೆದದ್ದಕ್ಕೆ ಅಲ್ಲಿ ಏನಾಯಿತು ಎಂದು ಪರಂಪರೆ ಹೇಳುವುದನ್ನು ನೀವು ನನಗಿಂತ ಚೆನ್ನಾಗಿ ಬಲ್ಲಿರಿ. ಬಿಜ್ಜಳನ ಭಂಡಾರದ ಹೊನ್ನನ್ನು ಕಾಯ್ದ ಬಸವಣ್ಣನಿಗೆ ಬೆರಕೆಯ ಲೆಕ್ಕ ಬೇರೆ ಯಾರಿಗಿಂತಲೂ ಚೆನ್ನಾಗಿ ಗೊತ್ತಿದ್ದಿರಬೇಕು ಎಂದು ನನ್ನ ಊಹೆ. ಊಹೆ ಎಂದೇ ತೆಗೆದುಕೊಳ್ಳಿ.

ಕಲ್ಯಾಣದ ಮಾತು ಬಂದದ್ದಕ್ಕೆ ಕಿನ್ನರಿ ಬೊಮ್ಮಯ್ಯನನ್ನು ನೆನೆಯದೆ ಮುಂದೆ ಹೋಗಲಾರೆ. ಆಂಧ್ರದ ಕಡೆಯಿಂದ ಬಂದವನು, ಮೂಲತಃ ಅಕ್ಕಸಾಲಿಗ ಎಂದು ಪರಂಪರೆ. ಆ ಕಸುಬು ಬಿಟ್ಟು ಕಿನ್ನರಿ ನುಡಿಸುತ್ತ ಶರಣನಾದ. ಅಕ್ಕಮಹಾದೇವಿ ಕಲ್ಯಾಣಕ್ಕೆ ಬಂದಾಗ ಅವಳನ್ನು ಪರೀಕ್ಷಿಸಲು ನಿಂತವನು ಇದೇ ಬೊಮ್ಮಯ್ಯ ಎನ್ನುತ್ತದೆ ಶೂನ್ಯಸಂಪಾದನೆ. ಅನುಭವ ಮಂಟಪದಲ್ಲಿ ಅಷ್ಟು ಶರಣರಿದ್ದರೂ ಹೆಂಗಸನ್ನು ಒರೆಗೆ ಹಚ್ಚುವ ಕೆಲಸ ಅಕ್ಕಸಾಲಿಗನ ಪಾಲಿಗೇ ಬಂದದ್ದು ಆಕಸ್ಮಿಕವೋ, ಸಂಪಾದನಕಾರನ ಜಾಣತನವೋ! ಏನೇ ಇರಲಿ, ಆ ಪ್ರಸಂಗದಲ್ಲಿ ಕೊನೆಗೆ ಕೈಮುಗಿದವನು ಒರೆಗೆ ಹಚ್ಚಲು ಹೋದವನು. ಅಕ್ಕಸಾಲಿಗರ ಕಥೆಗಳಲ್ಲಿ ಕಲ್ಲೇ ಸವೆದ ಕಥೆ ನನಗೆ ತಿಳಿದಂತೆ ಇದೊಂದೇ.

ಒರೆಗೆ ಹಚ್ಚುವವರು ಯಾರು, ಹಚ್ಚಿಸಿಕೊಳ್ಳುವವರು ಯಾರು? ಚಿನ್ನದ ಉಪಮೆ ಬಳಸುವವರು ಈ ಪ್ರಶ್ನೆಯನ್ನು ಹೆಚ್ಚಾಗಿ ನುಂಗಿಬಿಡುತ್ತಾರೆ. 'ಕಷ್ಟ ಮನುಷ್ಯನನ್ನು ಪುಟಕ್ಕಿಟ್ಟ ಚಿನ್ನವಾಗಿಸುತ್ತದೆ' ಎಂದು ನಾನೂ ಎಷ್ಟೋ ವೇದಿಕೆಗಳಲ್ಲಿ ಹೇಳಿದ್ದೇನೆ. ಈಗ ನಾಲಗೆ ತಡೆಯುತ್ತದೆ. ಪುಟ ಚಿನ್ನವನ್ನು ಮಾಡುವುದಿಲ್ಲ, ಚಿನ್ನವಲ್ಲದ್ದನ್ನು ಓಡಿಸುತ್ತದೆ. ಒಳಗೆ ಚಿನ್ನ ಇದ್ದರೆ ಉಳಿಯಿತು, ಇಲ್ಲದಿದ್ದರೆ ಮೂಸೆಯಲ್ಲಿ ಬೂದಿ. ಅದಕ್ಕಿಂತ ಮುಖ್ಯವಾದದ್ದು, ಚಿನ್ನ ತಾನಾಗಿ ಬೆಂಕಿಗೆ ಬೀಳುವುದಿಲ್ಲ. ಯಾರೋ ಇಕ್ಕಳದಲ್ಲಿ ಹಿಡಿದು ಹಾಕಿರುತ್ತಾರೆ. ಬರಗಾಲಕ್ಕೆ ಗುಳೆ ಹೋಗಿ ಬಂದ ಕುಟುಂಬಕ್ಕೆ 'ನೀವು ಪುಟಕ್ಕಿಟ್ಟ ಬಂಗಾರ' ಎಂದು ಹೇಳಿ ನೋಡಿ, ಅವರು ನಿಮ್ಮ ಮುಖ ನೋಡುವ ಬಗೆ ತಿಳಿಯುತ್ತದೆ.

ರಾಮಾಯಣದಲ್ಲಿ ಸೀತೆ ಬೆಂಕಿಗೆ ಇಳಿದು ಹೊರಗೆ ಬಂದಳು. ಅಷ್ಟು ಸಾಲಲಿಲ್ಲ. ಕಾಡಿಗೆ ಕಳಿಸಿದರು. ಆಮೇಲೆ ಅಶ್ವಮೇಧಕ್ಕೆ ಪತ್ನಿ ಬೇಕಾದಾಗ ರಾಮ ಚಿನ್ನದ ಸೀತೆಯನ್ನು ಮಾಡಿಸಿ ಪಕ್ಕದಲ್ಲಿ ಇಟ್ಟುಕೊಂಡ. ನಮ್ಮ ಸಾಹಿತ್ಯದಲ್ಲಿ ಚಿನ್ನಕ್ಕೂ ಗುಣಕ್ಕೂ ಸಂಬಂಧಿಸಿದ ಚಿತ್ರಗಳಲ್ಲಿ ನನ್ನನ್ನು ಬಹಳ ಕಾಡುವುದು ಇದು. ರಾಮ ಬೇರೊಬ್ಬಳನ್ನು ಮದುವೆಯಾಗಲಿಲ್ಲ ಎಂದು ಹೊಗಳುವವರು ಹೊಗಳಲಿ, ಅದೂ ನಿಜವೇ. ಆದರೂ ನೋಡಿ: ಜೀವದ ಸೀತೆ ವಾಲ್ಮೀಕಿಯ ಆಶ್ರಮದಲ್ಲಿ ಮಕ್ಕಳಿಗೆ ಉಣಿಸುತ್ತಿದ್ದಾಳೆ, ಇಲ್ಲಿ ಅಪರಂಜಿಯ ಸೀತೆ ಮಾತಿಲ್ಲದೆ ಕೂತಿದ್ದಾಳೆ. ಅವಳ ಮೇಲೆ ಅಗಸನಿರಲಿ ಯಾರಿರಲಿ ಒಂದು ಮಾತು ಆಡುವಂತಿಲ್ಲ. ಪೂರ್ತಿ ಶುದ್ಧವಾದ ಮನುಷ್ಯ ಬೇಕೆಂದರೆ ಬೊಂಬೆಯನ್ನೇ ಮಾಡಿಸಬೇಕು.

1972ರ 'ಬಂಗಾರದ ಮನುಷ್ಯ' ಚಿತ್ರವನ್ನು ನೋಡದವರು ಇಲ್ಲಿ ಇರಲಾರರು. ಟಿ.ಕೆ. ರಾಮರಾಯರ ಕಾದಂಬರಿ, ಸಿದ್ಧಲಿಂಗಯ್ಯನವರ ನಿರ್ದೇಶನ, ರಾಜಕುಮಾರರ ರಾಜೀವ. ಅದನ್ನು ನೋಡಿ ಪಟ್ಟಣ ಬಿಟ್ಟು ಹಳ್ಳಿಗೆ ಮರಳಿದವರ ಕಥೆ ಎಲ್ಲರಿಗೂ ಗೊತ್ತು. ಕೊನೆಯ ದೃಶ್ಯ ಮಾತ್ರ ಅಷ್ಟಾಗಿ ಯಾರೂ ಹೇಳುವುದಿಲ್ಲ. ಎಲ್ಲರನ್ನೂ ಎತ್ತಿ ನಿಲ್ಲಿಸಿದ ಬಂಗಾರದ ಮನುಷ್ಯ, ಅನ್ನ ತಿಂದವರೇ ಅನುಮಾನಿಸಿದಾಗ, ಒಂದು ಮಾತಿನ ಸಮಜಾಯಿಷಿಯನ್ನೂ ಕೊಡದೆ ಎದ್ದು ಹೊರಟುಹೋಗುತ್ತಾನೆ. ಬಂಗಾರ ಎಂದು ಕರೆದೆವು, ಇಟ್ಟುಕೊಳ್ಳಲು ಬರಲಿಲ್ಲ.

ಹೀಗೆ ಇನ್ನೊಬ್ಬರನ್ನು ಒರೆಗೆ ಹಚ್ಚುವುದಕ್ಕೆ ತೀರಾ ವಿರುದ್ಧ ದಿಕ್ಕಿನಿಂದ ಬಂದ ಒಂದು ಮಾತಿದೆ. ಶಾಂತರಕ್ಷಿತನ ತತ್ತ್ವಸಂಗ್ರಹ ಬುದ್ಧನ ಬಾಯಲ್ಲಿ ಅದನ್ನು ಇಟ್ಟಿದೆ. ಚಿನ್ನವನ್ನು ಕಾಯಿಸಿ, ಕತ್ತರಿಸಿ, ಉಜ್ಜಿ ನೋಡುವವರ ಹಾಗೆ ನನ್ನ ಮಾತನ್ನು ಪರೀಕ್ಷೆ ಮಾಡಿ ತೆಗೆದುಕೊಳ್ಳಿ, ನನ್ನ ಮೇಲಿನ ಗೌರವಕ್ಕಾಗಿ ಬೇಡ ಎಂಬುದು ಅದರ ಸಾರ. ಗುರು ತಾನೇ ಒರೆಗೆ ಒಡ್ಡಿಕೊಂಡು, ಶಿಷ್ಯರ ಕೈಗೆ ಒರೆಗಲ್ಲು ಕೊಡುತ್ತಿದ್ದಾನೆ. ಮೇಲಿರುವವನು ಕೆಳಗಿರುವವನಿಗೆ 'ನನ್ನನ್ನು ಉಜ್ಜಿ ನೋಡು' ಎನ್ನುವುದು ಎಷ್ಟು ಅಪರೂಪ ಎಂಬುದು ಸರ್ಕಾರಿ ಕಚೇರಿಯಲ್ಲಿ ಒಂದು ದಿನ ಕಳೆದವರಿಗೆ ಗೊತ್ತು.

ಪುರಂದರದಾಸರ ಮೂಗುತಿಯ ಕಥೆಯನ್ನು ನೀವು ನಿರೀಕ್ಷಿಸುತ್ತಿರಬಹುದು. ಹೇಳುವುದಿಲ್ಲ, ಎಲ್ಲ ದತ್ತಿ ಉಪನ್ಯಾಸಗಳಲ್ಲೂ ಅದು ಬರುತ್ತದೆ. ಒಂದೇ ಮಾತು: ಆ ಮೂಗುತಿ ಸರಸ್ವತಿಯದು. ಕಥೆಯಲ್ಲಿ ಬದಲಾದವನು ಗಂಡ, ಕೊಡುವಾಗಲೇ ಚಿನ್ನವಾಗಿದ್ದವಳು ಹೆಂಡತಿ. ಹೆಸರು ಉಳಿದದ್ದು ಯಾರದು ಎಂದು ನಿಮಗೆ ಗೊತ್ತು.

ಚಿನ್ನ ಎಂದಾಗ ನಾವು ಒಡವೆಯನ್ನು ನೆನೆಯುತ್ತೇವೆ, ಮಣ್ಣನ್ನು ನೆನೆಯುವುದಿಲ್ಲ. ಗದಗಿನ ಕಪ್ಪತಗುಡ್ಡದ ಹಳ್ಳಗಳಲ್ಲಿ ಮಳೆಗಾಲ ಮುಗಿದ ಮೇಲೆ ಮರಳು ತೊಳೆದು ಚಿನ್ನದ ಕಣ ಹೆಕ್ಕುವವರಿದ್ದರು. ಹತ್ತೊಂಬತ್ತನೆಯ ಶತಮಾನದಲ್ಲಿ ಅಲ್ಲಿ ಓಡಾಡಿದ ನ್ಯೂಬೋಲ್ಡ್ ಎಂಬ ಸೇನಾಧಿಕಾರಿ ಅವರ ಬಗ್ಗೆ ಬರೆದಿದ್ದಾನೆ. ಅವರನ್ನು ಜಲಗಾರರು ಎನ್ನುತ್ತಿದ್ದರು. ಅಕ್ಕಸಾಲಿಗರ ಅಂಗಡಿಯ ಕಸ, ಬೂದಿ ಕೊಂಡು ತೊಳೆದು ಅದರಲ್ಲಿ ಉದುರಿದ ಚಿನ್ನ ತೆಗೆಯುವುದೂ ಇಂಥವರದೇ ಕೆಲಸ. ಕನ್ನಡದಲ್ಲಿ ಇದೇ 'ಜಲಗಾರ' ಎಂಬ ಮಾತು ಬೀದಿ ಗುಡಿಸುವವನಿಗೂ ಸಂದಿತು. ಕುವೆಂಪು ಅವರ 'ಜಲಗಾರ' ನಾಟಕದಲ್ಲಿ ಗುಡಿಗೆ ಹೋಗುವವರೆಲ್ಲ ದೂರ ಸರಿಸಿದ ಆ ಕಸಗುಡಿಸುವವನ ಮುಂದೆ ಶಿವನೇ ಜಲಗಾರನಾಗಿ ಬಂದು ನಿಲ್ಲುತ್ತಾನೆ. ಧೂಳಿನಿಂದ ಚಿನ್ನ ತೆಗೆದವನಿಗೂ ನಮ್ಮ ಧೂಳನ್ನು ತೆಗೆದವನಿಗೂ ಭಾಷೆ ಒಂದೇ ಹೆಸರು ಕೊಟ್ಟಿತು. ನಾವು ಅದರಲ್ಲಿ ಚಿನ್ನವನ್ನು ಮರೆತು ಧೂಳನ್ನು ಮಾತ್ರ ಉಳಿಸಿಕೊಂಡೆವು.

ಕೋಲಾರದ ಗಣಿಯ ವಿಷಯ ಇಡೀ ಒಂದು ಸಂಜೆಯದು. ಜಾನ್ ಟೇಲರ್ ಕಂಪನಿ 1880ರಲ್ಲಿ ಬಂದಲ್ಲಿಂದ 2001ರ ಫೆಬ್ರವರಿ 28ಕ್ಕೆ ಮುಚ್ಚುವವರೆಗೆ 800 ಟನ್ನಿಗೂ ಹೆಚ್ಚು ಚಿನ್ನ ಹೊರಬಂತು. ಸುಮಾರು 3 ಕಿಲೋಮೀಟರ್ ಆಳದಲ್ಲಿ ಬಂಡೆಯ ಕಾವು 60 ಡಿಗ್ರಿ ಮೀರುತ್ತಿತ್ತು. ಒತ್ತಡಕ್ಕೆ ಬಂಡೆ ತಾನಾಗಿ ಸಿಡಿದು ಸತ್ತವರೆಷ್ಟೋ. ಇಳಿದವರಲ್ಲಿ ಹೆಚ್ಚಿನವರು ತಮಿಳು ಸೀಮೆಯಿಂದ ಬಂದ ದಲಿತರು. ಇವತ್ತು ಅಲ್ಲಿ ಕಾಣುವುದು ಚಿನ್ನ ತೆಗೆದುಕೊಂಡ ಮೇಲೆ ಉಳಿದ ಸಯನೈಡ್ ದಿಬ್ಬಗಳು. ಬೇಸಿಗೆಯ ಗಾಳಿ ಎದ್ದರೆ ಬಿಳಿ ಧೂಳು ಊರ ಮೇಲೆ ಕೂರುತ್ತದೆ. ಒಬ್ಬನನ್ನು 'ಅಪರಂಜಿ' ಎಂದು ಕರೆಯುವಾಗ ಅವನು ಎಂಥ ದಿಬ್ಬವನ್ನು ಯಾರ ಬಾಗಿಲಲ್ಲಿ ಬಿಟ್ಟು ಬಂದಿದ್ದಾನೆ ಎಂದೂ ಕೇಳಬಹುದು.

ನಿಮ್ಮ ತಾಲ್ಲೂಕಿನ ಹಟ್ಟಿಯಲ್ಲಿ ಗಣಿ ಇನ್ನೂ ನಡೆಯುತ್ತಿದೆ. ಆಧುನಿಕ ಗಣಿಗಾರರು ಅಲ್ಲಿಗೆ ಬಂದಾಗ ತಮಗಿಂತ ಬಹಳ ಹಿಂದೆ ಯಾರೋ ಕೆಳಗಿಳಿದಿದ್ದ ಗುರುತುಗಳನ್ನು ಕಂಡು ಬೆರಗಾದರು. ಹಳಬರು ಬಂಡೆಗೆ ಬೆಂಕಿ ಹಚ್ಚಿ ಕಾಯಿಸಿ, ಬಿರುಕು ಬಿಟ್ಟಲ್ಲಿ ಒಡೆದು, ನೂರಾರು ಅಡಿ ಇಳಿದಿದ್ದರು. ಅಲ್ಲಿ ಸಿಕ್ಕ ಹಳೆಯ ಮರದ ತುಂಡುಗಳ ಕಾಲ ಸುಮಾರು ಎರಡು ಸಾವಿರ ವರ್ಷ ಹಿಂದಕ್ಕೆ ಹೋಗುತ್ತದೆ. ಅವರ ಹೆಸರಿಲ್ಲ, ಭಾಷೆ ಗೊತ್ತಿಲ್ಲ. ಮೌರ್ಯರ ಕಾಲದಲ್ಲಿ ಈ ದಕ್ಷಿಣದ ಸೀಮೆಯ ಆಡಳಿತ ನಡೆದ ಪಟ್ಟಣದ ಹೆಸರು ಸುವರ್ಣಗಿರಿ ಎಂದು ಚಿತ್ರದುರ್ಗ ಜಿಲ್ಲೆಯ ಬ್ರಹ್ಮಗಿರಿಯ ಶಾಸನ ಹೇಳುತ್ತದೆ. ಅದು ನಮ್ಮ ಕನಕಗಿರಿಯೇ ಎನ್ನುವ ವಿದ್ವಾಂಸರಿದ್ದಾರೆ, ಆಂಧ್ರದ ಜೊನ್ನಗಿರಿ ಎನ್ನುವವರೂ ಇದ್ದಾರೆ. ಚಿನ್ನಕ್ಕಾಗಿಯೇ ಪಾಟಲಿಪುತ್ರದ ಕಣ್ಣು ಇಲ್ಲಿ ಬಿದ್ದಿತ್ತು ಎಂಬುದರಲ್ಲಿ ಹೆಚ್ಚು ಜಗಳವಿಲ್ಲ.

ಈಗ ಮಸ್ಕಿ. 1915. ಆಗ ಇದು ನಿಜಾಮರ ಸೀಮೆ. ಬೀಡನ್ ಎಂಬ ಚಿನ್ನದ ಗಣಿಯ ಎಂಜಿನಿಯರ್ ಮಸ್ಕಿಯ ಗುಡ್ಡದಲ್ಲಿ ಅಕ್ಷರ ಕೊರೆದ ಬಂಡೆಯೊಂದನ್ನು ಕಂಡ. ಅಶೋಕನ ಶಾಸನ. ಅದುವರೆಗೆ ಸಿಕ್ಕಿದ್ದ ಶಾಸನಗಳಲ್ಲೆಲ್ಲ 'ದೇವಾನಾಂಪಿಯ', 'ಪಿಯದಸಿ' ಎಂಬ ಬಿರುದುಗಳಷ್ಟೇ ಇದ್ದವು. 'ಅಶೋಕ' ಎಂಬ ಹೆಸರು ಮೊದಲು ಕಂಡದ್ದು ಇಲ್ಲಿ. ಎಚ್. ಕೃಷ್ಣಶಾಸ್ತ್ರಿಗಳು ಅದನ್ನು ಓದಿ ಪ್ರಕಟಿಸಿದರು. ಮಸ್ಕಿಯ ಬಗ್ಗೆ ಶಾಲೆಯ ಪುಸ್ತಕ ಇಷ್ಟು ಹೇಳಿ ನಿಲ್ಲುತ್ತದೆ. ಬಂಡೆಯ ಮೇಲೆ ಏನಿದೆ ಎಂದು ಮುಂದೆ ಹೋಗುವುದಿಲ್ಲ.

ನನ್ನ ಮಾತಿಗೆ ಬೇಕಾದ ಎರಡು ಸಂಗತಿಗಳನ್ನಷ್ಟೇ ನನ್ನ ಮಾತಿನಲ್ಲಿ ಹೇಳುತ್ತೇನೆ. ಹಿಂದೆ ಜಂಬೂದ್ವೀಪದಲ್ಲಿ ಮನುಷ್ಯರೊಡನೆ ಬೆರೆಯದಿದ್ದ ದೇವತೆಗಳು ಈಗ ಬೆರೆತಿದ್ದಾರೆ ಎಂಬುದು ಒಂದು. ಬೆರೆತದ್ದಕ್ಕೆ ಅಲ್ಲಿರುವ ಮಾತು 'ಮಿಶ್ರ' ಎಂಬುದರ ಪ್ರಾಕೃತ ರೂಪ. ರಾಜನೊಬ್ಬ ತನ್ನ ಧರ್ಮದ ಗೆಲುವನ್ನು ಹೇಳಿಕೊಳ್ಳಲು ಆರಿಸಿಕೊಂಡ ಮಾತು 'ಬೆರಕೆ'! ಇದರ ಅರ್ಥದ ಬಗ್ಗೆ ವಿದ್ವಾಂಸರು ಬಹಳ ಚರ್ಚೆ ಮಾಡಿದ್ದಾರೆ. ದೇವರು ಎಂದರೆ ಯಾರು, ಬೆರೆಯುವುದು ಎಂದರೆ ಏನು ಎಂದು. ನಾನು ವಿದ್ವಾಂಸನಲ್ಲ, ಕಲ್ಲಿನ ಮೇಲಿನ ಮಾತು ನನಗೆ ಸಾಕು. ಇನ್ನೊಂದು, ಈ ಫಲ ದೊಡ್ಡವರಿಗೆ ಮಾತ್ರ ಸಿಗುವಂಥದ್ದು ಎಂದು ತಿಳಿಯಬೇಡಿ, ಧರ್ಮದಲ್ಲಿ ತೊಡಗಿದ ಚಿಕ್ಕವನಿಗೂ ಸಿಗುತ್ತದೆ ಎಂಬ ಮಾತು. ಚಿಕ್ಕವನಿಗೆ ಅಲ್ಲಿ 'ಖುದ್ದಕ' ಎಂಬ ಪದವಿದೆ. ಆಗಲೇ ಮಗುವನ್ನು ಚಿನ್ನ ಎನ್ನುವುದರ ಬಗ್ಗೆ ಹೇಳಿದೆನಲ್ಲ, ನೆನಪು ಮಾಡಿಕೊಳ್ಳಿ.

ಬಂಡೆಯ ಸುತ್ತ ಚಿನ್ನದ ಗುಡ್ಡಗಳು. ಕೆಳಗೆ ಬೆಂಕಿ ಹಾಕಿ ಬಂಡೆ ಒಡೆಯುತ್ತಿದ್ದ ಹೆಸರಿಲ್ಲದ ಜನ. ಅವರು ತೆಗೆದ ಚಿನ್ನ ಯಾವ ಯಾವ ಖಜಾನೆಗೆ ಹೋಯಿತೋ. ಕಲ್ಲಿನ ಮೇಲೆ ಮಾತ್ರ ಅವರಿಗಾಗಿಯೇ ಬರೆದಂತೆ ಈ ಸಾಲು ಉಳಿಯಿತು. ಅವರಲ್ಲಿ ಓದು ಬರುತ್ತಿದ್ದವರು ಯಾರಿದ್ದರು? ಯಾರಾದರೂ ಗಟ್ಟಿಯಾಗಿ ಓದಿ ಹೇಳಿದರೆ, ಅದು ಅವರ ಭಾಷೆಯಾಗಿತ್ತೇ? ಮಸ್ಕಿಯ ಗುಡ್ಡದ ಮೇಲೆ ನಿಂತಾಗ ನನಗೆ ಇವೇ ಪ್ರಶ್ನೆಗಳು ಬಂದವು. ಅಶೋಕ ಪೂರ್ತಿ ಅಪರಂಜಿ ಎಂದೂ ನಾನು ಹೇಳುವುದಿಲ್ಲ. ಕಳಿಂಗದಲ್ಲಿ ಎಷ್ಟು ಜನ ಸತ್ತರು ಎಂದು ತನ್ನ ಬೇರೆ ಶಾಸನದಲ್ಲಿ ತಾನೇ ಬರೆಸಿಕೊಂಡವನು ಅವನು. ತನ್ನ ಒಡವೆಯಲ್ಲಿ ತಾಮ್ರ ಎಷ್ಟಿದೆ ಎಂದು ತಾನೇ ಕೊರೆಸಿದ ರಾಜರು ಚರಿತ್ರೆಯಲ್ಲಿ ಬಹಳ ಇಲ್ಲ. ನಿಜವಾದ ಒಡವೆಗೆ ಅಂಥ ಕೊರೆತದ ನಿಯಮ ಈಚೆಗೆ ಬಂದಿದೆ: 2021ರ ಜೂನ್ 16ರಿಂದ ನಮ್ಮ ದೇಶದ ಅನೇಕ ಜಿಲ್ಲೆಗಳಲ್ಲಿ ಚಿನ್ನದ ಒಡವೆಗೆ ಹಾಲ್‌ಮಾರ್ಕ್ ಕಡ್ಡಾಯವಾಯಿತು. ಈಗ ಒಂದೊಂದು ಒಡವೆಗೂ ಅಕ್ಷರ, ಅಂಕಿ ಬೆರೆತ ಆರು ಸ್ಥಾನಗಳ ಗುರುತಿನ ಸಂಖ್ಯೆ ಇದೆ. ಒಡವೆಗೂ ಆಧಾರ್ ಬಂತು ಎಂದು ನಗಬಹುದು. ಆದರೆ ಆ ಮುದ್ರೆ 'ಇದು ಅಪ್ಪಟ' ಎನ್ನುವುದಿಲ್ಲ. ಇದರಲ್ಲಿ ಇಷ್ಟು ಚಿನ್ನ, ಉಳಿದದ್ದು ಬೇರೆ ಎನ್ನುತ್ತದೆ. ಮಾನಕ ಬ್ಯೂರೋದ ಭಾಷೆಯಲ್ಲಿ ಬೆರಕೆ ಅಪರಾಧವಲ್ಲ, ಸುಳ್ಳು ಅಂಕಿ ಅಪರಾಧ.

ನಿನ್ನೆ ಸಂಜೆ ಆ ತಾಯಿಯ ಮನೆಯಿಂದ ಹೊರಡುವ ಮುಂಚೆ ಕಾರ್ಯದರ್ಶಿಗಳು ಸಂಘದ ದತ್ತಿ ಪುಸ್ತಕ ತೆರೆದು ನನಗೆ ತೋರಿಸಿದರು. ದತ್ತಿ ಇಟ್ಟ ದಿನ ಆಗಿನ ಕಾರ್ಯದರ್ಶಿ ಚೆಂದದ ಅಕ್ಷರದಲ್ಲಿ, 'ತಾಯಿಯವರ ಅಪ್ಪಟ ಬಂಗಾರದ ಎರಡು ಪಾಟ್ಲಿಗಳನ್ನು ಮಾರಿ ಬಂದ ಹಣ' ಎಂದು ಬರೆದಿದ್ದಾರೆ. 'ಅಪ್ಪಟ' ಎಂಬ ಮಾತಿನ ಮೇಲೆ ಕೆಂಪು ಶಾಯಿಯ ಗೆರೆ, ಮೇಷ್ಟ್ರು ಕಾಪಿ ತಿದ್ದುವ ಗೆರೆ. ಅದರ ಮೇಲೆ ಅದೇ ಕೆಂಪಿನಲ್ಲಿ '84' ಎಂದಿದೆ. ಪಕ್ಕದಲ್ಲಿ ಸಣ್ಣದಾಗಿ ಆ ತಾಯಿಯ ಸಹಿ, ಕೆಳಗೆ ತಾರೀಕು.